ಕದ್ದೋಡಿದ ದೇವರು, ಉಳಿದ ನಾಲ್ಕು ಬೆಳೆ

ದೂರದ ನಾಡಿನಿಂದ ತಿಕರೌ ಎಂಬ ದೇವರು ಟಿಕೋಪಿಯಾ ದ್ವೀಪಕ್ಕೆ ನೆಂಟನಾಗಿ ಬಂದ. ಊರ ದೇವರುಗಳು ಭರ್ಜರಿ ಅಡುಗೆ ಮಾಡಿಸಿ, ಊಟಕ್ಕೆ ಮೊದಲು ಒಂದು ಪಂದ್ಯವಾಗಲಿ ಎಂದರು. ಓಟದ ನಡುವೆ ನೆಂಟ ಎಡವಿ ಬಿದ್ದ. ಕಾಲು ಉಳುಕಿತೆಂದು ಕುಂಟುತ್ತಿದ್ದವನು ಇದ್ದಕ್ಕಿದ್ದಂತೆ ಅಡುಗೆಯ ರಾಶಿಗೆ ನುಗ್ಗಿ, ಎಲ್ಲವನ್ನೂ ಬಾಚಿಕೊಂಡು ಗುಡ್ಡದ ಕಡೆ ಓಟ ಕಿತ್ತ. ಊರ ದೇವರುಗಳು ಅಟ್ಟಿಸಿಕೊಂಡು ಹೋದರು. ಗುಡ್ಡದಲ್ಲಿ ಅವನು ಮತ್ತೆ ಜಾರಿದ. ಆ ಒಂದು ಗಳಿಗೆಯಲ್ಲಿ ಒಬ್ಬ ದೇವರ ಕೈಗೆ ತೆಂಗಿನಕಾಯಿ ಸಿಕ್ಕಿತು, ಇನ್ನೊಬ್ಬನಿಗೆ ಕೆಸುವಿನ ಗೆಡ್ಡೆ, ಮತ್ತೊಬ್ಬನಿಗೆ ದಿವಿಹಲಸು, ಮಗದೊಬ್ಬನಿಗೆ ಹೆಗ್ಗೆಣಸು. ಉಳಿದ ಔತಣವನ್ನೆಲ್ಲ ಹೊತ್ತು ತಿಕರೌ ಆಕಾಶಕ್ಕೆ ಏರಿಬಿಟ್ಟ.

ದ್ವೀಪದ ನಾಲ್ಕು ಕುಲಗಳಿಗೆ ನಾಲ್ಕು ಬೆಳೆಗಳು ಹಂಚಿಕೆಯಾದದ್ದು ಹೀಗೆ. ಹೆಗ್ಗೆಣಸು ಕಾಫಿಕಾ ಕುಲಕ್ಕೆ, ಕೆಸು ತೌಮಾಕೊಗೆ, ತೆಂಗು ತಾಫುವಾಗೆ, ದಿವಿಹಲಸು ಫಂಗರೆರೆಗೆ. ಹಾಗೆಂದು ಮಿಕ್ಕವರು ಅದನ್ನು ಬೆಳೆಯಬಾರದು, ತಿನ್ನಬಾರದು ಎಂದೇನಿರಲಿಲ್ಲ. ಆ ಬೆಳೆ ಚೆನ್ನಾಗಿ ಬರುವಂತೆ ದೇವರನ್ನು ಒಲಿಸಿಕೊಳ್ಳುವ ಹೊಣೆ ಆಯಾ ಕುಲದ ಒಡೆಯನದಾಗಿತ್ತು. ಒಡೆಯನನ್ನು ಇಲ್ಲಿ ಅರಿಕಿ ಎನ್ನುತ್ತಾರೆ.

ಸಾಲೊಮನ್ ದ್ವೀಪಗಳ ಮೂಡಣ ಅಂಚಿನಲ್ಲಿ, ಬರೀ 5 ಚದರ ಕಿಲೋಮೀಟರಿನಷ್ಟು ನೆಲ ಇದು. ಸತ್ತ ಜ್ವಾಲಾಮುಖಿಯೊಂದರ ಬಾಯಿಯಲ್ಲಿ ತೆ ರೊಟೊ ಎಂಬ ಕೆರೆ. ಅದರ ಬದಿಗೆ 380 ಮೀಟರ್ ಎತ್ತರದ ರಿಯಾನಿ ಬೆಟ್ಟ. ಕೆರೆಗೂ ಕಡಲಿಗೂ ನಡುವೆ ಮರಳಿನ ಒಂದು ದಂಡೆ, ಅಷ್ಟೆ. ದೂರದಿಂದ ಕಾಡಿನಂತೆ ಕಾಣುವ ಹಸಿರಿನಲ್ಲಿ ಕಾಡು ಬಹಳ ಕಡಿಮೆ. ಮೇಲೆ ತೆಂಗು, ದಿವಿಹಲಸು, ನಡುವೆ ಬಾಳೆ, ನೆರಳಿನಲ್ಲಿ ಕೆಸು. ಹೆಚ್ಚಿನದೆಲ್ಲ ನೆಟ್ಟು ಬೆಳೆಸಿದ ತೋಟ.

ಮನೆಗಳ ಬಾಗಿಲು ಎಷ್ಟು ತಗ್ಗೆಂದರೆ ಮಂಡಿಯೂರಿಯೇ ಒಳಗೆ ಹೋಗಬೇಕು. ಒಳಗೆ ಒಂದು ಬದಿ ಹೆಂಗಸರದು, ಒಲೆಯ ಕಡೆಯದು. ಎದುರು ಬದಿಯಲ್ಲಿ ನೆಲದ ಮೇಲೆ ತೆಂಗಿನ ಗರಿಯ ಚಾಪೆಗಳು ಹಾಸಿರುತ್ತಿದ್ದವು. ಅವುಗಳ ಅಡಿಯಲ್ಲಿ ಅಜ್ಜ ಮುತ್ತಜ್ಜಂದಿರ ಸಮಾಧಿ. ನಡುವಿನ ಜಾಗ ಎಲ್ಲರಿಗೂ. ಮದುವೆಯಾದ ಮೇಲೆ ಗಂಡ ಹೆಂಡತಿ ಇಬ್ಬರನ್ನೂ ಮನೆಯ ಹೆಸರಿನಿಂದಲೇ ಕರೆಯುವುದು ವಾಡಿಕೆ: ಗಂಡನಾದರೆ ಹೆಸರಿಗೆ ಮೊದಲು ಪಾ, ಹೆಂಡತಿಯಾದರೆ ನೌ. ಹಿರಿಯರ ಬಾಯಲ್ಲಿ ಅಡಿಕೆ, ವೀಳ್ಯ, ಸುಣ್ಣ. ಅರಿಸಿನವೂ ಇದೆ. ಕೊಂಬನ್ನು ತುರಿದು, ನೀರಿನಲ್ಲಿ ಕಲಸಿ, ಸೋಸಿ, ತಳದಲ್ಲಿ ಕೂತ ಬಣ್ಣವನ್ನು ಮರದ ಅಚ್ಚಿಗೆ ತುಂಬಿ ಕಾದ ಕಲ್ಲಿನ ಒಲೆಯಲ್ಲಿ ಬೇಯಿಸುತ್ತಿದ್ದರು. ಆ ದಿನಗಳಲ್ಲಿ ಕಟ್ಟುನಿಟ್ಟಿನ ಮಡಿ. ಬಣ್ಣ ಚೆನ್ನಾಗಿ ಬಂದರೆ ದೇವರು ಬಂದ ಎಂದೇ ಅರ್ಥ. ನೆಲದಲ್ಲಿ ಗುಂಡಿ ತೋಡಿ, ಎಲೆ ಹಾಸಿ, ದಿವಿಹಲಸನ್ನು ಹುಳಿಬರಿಸಿ ಹೂತಿಡುವುದು ಇನ್ನೊಂದು ಕಸುಬು. ಮಾಸಿ ಎಂಬ ಆ ಹಿಟ್ಟು ವರ್ಷಗಟ್ಟಲೆ ಕೆಡದು. ಅದರ ವಾಸನೆ ಹೊಸಬರಿಗೆ ಒಗ್ಗುವುದು ಕಷ್ಟ. ಗಾಳಿ ಬೀಸಿ ತೋಟ ನೆಲಕಚ್ಚಿದಾಗ ಮಾತ್ರ ಅದರ ಬೆಲೆ ಗೊತ್ತಾಗುತ್ತದೆ.

ಇಷ್ಟು ಅಚ್ಚುಕಟ್ಟಿನ ಹಿಂದೆ ರಕ್ತವಿದೆ, ಅದನ್ನು ಅವರು ಮುಚ್ಚಿಡುವುದಿಲ್ಲ. ಹಿಂದೆ ಇಲ್ಲಿ ಙಾ ರವೆಂಗಾ, ಙಾ ಫೇಯಾ ಎಂಬ ಬೇರೆ ಎರಡು ಬಣಗಳಿದ್ದವು. ನೆಲದ ತಗಾದೆ ಬೆಳೆಯಿತು. ಇಂದಿನವರ ಪೂರ್ವಿಕರು ಒಂದು ಬಣವನ್ನು ಕೊಚ್ಚಿಹಾಕಿದರು. ಅದನ್ನು ಕಂಡ ಇನ್ನೊಂದು ಬಣದವರು ಹೆಂಡತಿ ಮಕ್ಕಳನ್ನು ದೋಣಿಗೆ ಹತ್ತಿಸಿಕೊಂಡು ದಿಕ್ಕಿಲ್ಲದ ಕಡಲಿಗೆ ಇಳಿದರು. ಕೊಲೆಯಲ್ಲಿ ಉಳಿದದ್ದು ಒಂದು ಗಂಡು ಕೂಸು. ಅದರ ಸಂತಾನವೇ ಫಂಗರೆರೆ ಕುಲ. ಈಗ ತಿಕರೌ ಕಥೆಗೆ ತಿರುಗಿ ನೋಡಿ. ಎಲ್ಲರಿಗಿಂತ ಕೊನೆಗೆ ಹುಟ್ಟಿದ ಕುಲಕ್ಕೂ ಅಲ್ಲಿ ಆದಿಕಾಲದಲ್ಲೇ ದಿವಿಹಲಸು ಸಿಕ್ಕಿಹೋಗಿದೆ! ಸೋತವರ ಕೂಸಿಗೆ ಪಾಲು ಕೊಟ್ಟಾದ ಮೇಲೆ ಅದಕ್ಕೆ ದೇವರ ಮುದ್ರೆ ಒತ್ತಿದ್ದಾರೆ ಎಂದು ನನ್ನ ಗುಮಾನಿ. ನೆಲ ಇಷ್ಟೇ ಇರುವಲ್ಲಿ ಕಥೆಯೇ ಪಹಣಿಪತ್ರ.

ಅದೇ ಲೆಕ್ಕಾಚಾರ ಬದುಕಿನಲ್ಲೂ ಇತ್ತು. ಮಕ್ಕಳನ್ನು ಮಿತಿಯಲ್ಲಿಡಿ ಎಂದು ಒಡೆಯರು ಬುದ್ಧಿ ಹೇಳುತ್ತಿದ್ದರು, ತಮ್ಮಂದಿರು ಮದುವೆಯಿಲ್ಲದೆ ಉಳಿಯುತ್ತಿದ್ದರು. ದೋಣಿ ಹತ್ತಿ ಹೊರಟ ಎಷ್ಟೋ ಹುಡುಗರು ಹಿಂದಿರುಗಲಿಲ್ಲ. ತೋಟ ಹಾಳುಮಾಡುತ್ತಿದ್ದ ಹಂದಿಗಳನ್ನು 1600ರ ಸುಮಾರಿಗೆ ಪೂರ್ತಿ ಇಲ್ಲವಾಗಿಸಿದರು ಎಂಬುದನ್ನು ಸಂಶೋಧಕರಾದ ಪ್ಯಾಟ್ರಿಕ್ ಕರ್ಚ್, ಡಗ್ಲಸ್ ಯೆನ್ ಮಣ್ಣು ಅಗೆದು ತೋರಿಸಿದ್ದಾರೆ.

ಹೊರಗಿನ ಜಗತ್ತಿಗೆ ಈ ದ್ವೀಪ ಒಮ್ಮೆ ಸುದ್ದಿಯಾದದ್ದು ಭಾರತದ ಒಬ್ಬ ಲಸ್ಕರನಿಂದ, ಅಂದರೆ ಹಡಗಿನಾಳಿನಿಂದ. 1813ರಲ್ಲಿ ಪೀಟರ್ ಡಿಲನ್ ಎಂಬ ನಾವಿಕನಿದ್ದ ಹಡಗು ಅವನನ್ನೂ ಒಬ್ಬ ಪ್ರಶ್ಯಾದವನನ್ನೂ ಇಲ್ಲಿ ಇಳಿಸಿ ಹೋಗಿತ್ತು. 1826ರಲ್ಲಿ ಡಿಲನ್ ಮತ್ತೆ ಬಂದಾಗ, ಜೋ ಎಂದು ಕರೆಸಿಕೊಳ್ಳುತ್ತಿದ್ದ ಆ ಲಸ್ಕರನ ಬಳಿ ಬೆಳ್ಳಿಯ ಕತ್ತಿಹಿಡಿಯೊಂದು ಸಿಕ್ಕಿತು. ಪಡುವಣದ ವಾನಿಕೊರೊ ದ್ವೀಪದಿಂದ ಬಂದ ಮಾಲು. ಅಲ್ಲಿ ಹಿಂದೆ ಎರಡು ದೊಡ್ಡ ಹಡಗುಗಳು ಒಡೆದಿದ್ದವಂತೆ. ಡಿಲನ್ ಕಲ್ಕತ್ತೆಗೆ ಧಾವಿಸಿದ, ಈಸ್ಟ್ ಇಂಡಿಯಾ ಕಂಪನಿ ಹಡಗು ಕೊಟ್ಟಿತು. 1788ರಲ್ಲಿ ಕಾಣೆಯಾದ ಫ್ರೆಂಚ್ ನಾವಿಕ ಲಾ ಪೆರೂಸ್‌ನ ಹಡಗುಗಳ ಗತಿ 1827ರಲ್ಲಿ ತಿಳಿಯಿತು. ಡಿಲನ್‌ಗೆ ಪ್ಯಾರಿಸಿನಲ್ಲಿ ಬಿರುದು ಸಂದಿತು. 

1928ರಲ್ಲಿ ಮಿಷನ್ ಹಡಗಿನಿಂದ ಇಳಿದ ಮಾನವಶಾಸ್ತ್ರಜ್ಞ ರೇಮಂಡ್ ಫರ್ತ್ ಇಲ್ಲಿಯ ಹೆಸರು, ಕಥೆಗಳನ್ನು ಬರೆದುಕೊಳ್ಳಲೆಂದೇ ಬಂದವನು. ನ್ಯೂಜಿಲೆಂಡಿನವನಾದ್ದರಿಂದ ಮಾವೊರಿ ನುಡಿಯ ಪರಿಚಯವಿತ್ತು. ಸುತ್ತಲಿನ ಮೆಲನೇಷ್ಯದ ನುಡಿಗಳಿಗೆ ಸೇರದ ಟಿಕೋಪಿಯಾದ ಮಾತು ಪಾಲಿನೇಷ್ಯದ್ದು. ರುವಾ, ತೊರು, ರಿಮಾ ಎಂದು ಎರಡು, ಮೂರು, ಐದು ಎಣಿಸುವುದು ಎರಡೂ ಕಡೆ ಒಂದೇ. ವರ್ಷದಲ್ಲಿ ಅವನು ಗುಡ್ಡೆಹಾಕಿದ ಕಥೆ, ಹಾಡು, ವಂಶಾವಳಿ ಮುಂದೆ ಸಾಲು ಸಾಲು ಪುಸ್ತಕಗಳಾದವು; 1985ರಲ್ಲಿ ನಿಘಂಟೂ ಬಂತು. 1952ರಲ್ಲಿ ಮತ್ತೆ ಹೋದಾಗ ಕಂಡದ್ದು ಚಂಡಮಾರುತದ ಬೆನ್ನಿಗೆ ಬಂದ ಬರ. ಬಾಯಿಗಳು 1,700 ದಾಟಿದ್ದವು. ಕದಿಯದವರೇ ಅಪರೂಪ, ಆದರೂ ಬಂದವರಿಗೆ ಬನ್ನಿ, ಊಟ ಮಾಡಿ ಎನ್ನುವ ಉಪಚಾರ ನಿಂತಿರಲಿಲ್ಲವೆಂದು ಫರ್ತ್ ಗಮನಿಸಿದ್ದ. 1955ರಲ್ಲಿ ರೋಗವೊಂದು ಅನೇಕರನ್ನು ಕೊಂದ ಮೇಲೆ, ಹಳೆಯ ದೇವರನ್ನು ಬಿಡದೆ ಇದ್ದ ಒಡೆಯರೂ ಕ್ರೈಸ್ತರಾದರು. ಅದೇ ವೇಳೆಗೆ ಕೆಲವು ಕುಟುಂಬಗಳು ರಸೆಲ್ ದ್ವೀಪಗಳಿಗೆ ಹೋಗಿ ನುಕುಫೆರೊ ಎಂಬ ಊರು ಕಟ್ಟಿಕೊಂಡವು. ದುಡಿದದ್ದು ಲೀವರ್ಸ್ ಕಂಪನಿಯ ತೋಟದಲ್ಲಿ. ಅಲ್ಲಿ ತೆಂಗು ಯಾವ ದೇವರದೂ ಅಲ್ಲ, ಕಂಪನಿಯದು.

2002ರ ಡಿಸೆಂಬರ್ ಕೊನೆಯಲ್ಲಿ ಜೋಯಿ ಚಂಡಮಾರುತ ಬಡಿಯಿತು. ದಿನಗಟ್ಟಲೆ ಸುದ್ದಿಯಿಲ್ಲ, ಎಲ್ಲರೂ ಸತ್ತರೆಂದೇ ಹೊರಗಿನವರು ಅಂದುಕೊಂಡಿದ್ದರು. ಬಂಡೆಯ ಸಂದಿಗಳಿಗೂ ಗುಹೆಗಳಿಗೂ ಹೊಕ್ಕಿದ್ದ ಜನರಲ್ಲಿ ಒಬ್ಬರೂ ಸಾಯಲಿಲ್ಲ. ಆದರೆ ತೋಟಗಳು ಬೋಳಾಗಿದ್ದವು. ಕಡಲು ಮರಳಿನ ದಂಡೆಯನ್ನು ಒಡೆದು ತೆ ರೊಟೊ ಕೆರೆಗೆ ಉಪ್ಪುನೀರು ನುಗ್ಗಿಸಿತ್ತು. ಕೆರೆಯಂಚಿನ ಕೆಸುವಿಗೂ ಮೀನಿಗೂ ಕುತ್ತು. 2006ರಲ್ಲಿ ದ್ವೀಪದವರೂ ಹಾಯಿಹಡಗಿನಲ್ಲಿ ಬಂದ ಕೆಲವು ಗೆಳೆಯರೂ ಸೇರಿ, ತಂತಿಬಲೆಯ ಬುಟ್ಟಿಗಳಿಗೆ ಕಲ್ಲು ತುಂಬಿ, ಒಂದೊಂದಾಗಿ ಪೇರಿಸಿ ಆ ಒಡಕನ್ನು ಮುಚ್ಚಿದರು.