ಜಾತಿ ಪ್ರಮಾಣಪತ್ರದ ವಿಳಂಬಕ್ಕೆ ನ್ಯಾಯಾಲಯದ ಮದ್ದು

ಕಳೆದ ವರ್ಷ ಹೊಟೇಲೊಂದರ ಅಡುಗೆಮನೆಯಲ್ಲಿ ದುಡಿಯುವ ನಮ್ಮ ನಾಡಿನ ಬಂಧುವೊಬ್ಬರು ಮಧ್ಯಾಹ್ನದ ಬಿಡುವಿನಲ್ಲಿ ನಮ್ಮ ಕಚೇರಿಗೆ ಬಂದರು. ಮಗಳಿಗೆ ಊರಿನ ಕಡೆಯ ಕಾಲೇಜಿನಲ್ಲಿ ಸ್ಥಾನ ದೊರೆಯುವಂತಿತ್ತು. ಜಾತಿ ಪ್ರಮಾಣಪತ್ರ ಮಾತ್ರ ಕೈಸೇರಿರಲಿಲ್ಲ. ಊರಿನ ಕಚೇರಿಯವರು ಅರ್ಜಿಯನ್ನು ಇಟ್ಟುಕೊಂಡು “ನಾಳೆ ಬನ್ನಿ” ಎಂದಿದ್ದರು. ಆ ನಾಳೆ ನಾಲ್ಕು ತಿಂಗಳಾದರೂ ಬರಲಿಲ್ಲ. ತಂದೆ ಎರಡು ಸಲದ ಸಂಬಳ ಕಳೆದುಕೊಂಡರು. ಮಗಳು ಒಂದು ವರ್ಷವನ್ನೇ ಕಳೆದುಕೊಂಡಳು. “ಅರ್ಜಿ ಕೊಟ್ಟುದಕ್ಕೆ ರಸೀದಿ ಇದೆಯೇ?” ಎಂದು ಕೇಳಿದೆವು. ಇರಲಿಲ್ಲ. “ಸರಕಾರದ ಮೇಲೆ ಯಾರಲ್ಲಿ ದೂರು ಹೇಳುವುದು, ಸ್ವಾಮೀ?” ಎಂದು ಅವರು ಕೇಳಿದರು.

ನಾವು ವಕೀಲರಲ್ಲ, ಗಲ್ಲಾದಿಂದ ಎದ್ದು ಬಂದು ಲೇಖನಿ ಹಿಡಿದವರು. ಬಲ್ಲವರನ್ನು ಕೇಳಿ ಅರಿತುದನ್ನು ವಾಚಕರ ಮುಂದಿಡುತ್ತಿದ್ದೇವೆ.

ಮೊದಲನೆಯದಾಗಿ, ಕೇಳತಕ್ಕ ಬಾಗಿಲು ಯಾವುದೆಂಬುದು ಗೊತ್ತಿರಬೇಕು. ಪರಿಶಿಷ್ಟ ಜಾತಿ, ಪಂಗಡಗಳವರು ಬೇರೆ ರಾಜ್ಯಕ್ಕೆ ವಲಸೆ ಬಂದ ಮಾತ್ರಕ್ಕೆ ಅಲ್ಲಿನ ಮೀಸಲಾತಿಗೆ ಹಕ್ಕುದಾರರಾಗುವುದಿಲ್ಲವೆಂದು ಸರ್ವೋಚ್ಚ ನ್ಯಾಯಾಲಯವು 1990ರಲ್ಲಿ, ಮುಂಬಯಿಯ ಸೇಠ್ ಜಿ.ಎಸ್. ಮೆಡಿಕಲ್ ಕಾಲೇಜಿನ ಪ್ರವೇಶದ ಮೊಕದ್ದಮೆಯಲ್ಲಿ ತೀರ್ಮಾನಿಸಿದೆ. ಆದುದರಿಂದ ಕರ್ನಾಟಕದ ಮೂಲದವರು ಹುಟ್ಟೂರಿನ ತಾಲೂಕಿನ ತಹಶೀಲ್ದಾರರಿಂದಲೇ ಪ್ರಮಾಣಪತ್ರ ಪಡೆಯತಕ್ಕದ್ದು.

ತಹಶೀಲ್ದಾರರು ಅರ್ಜಿಯನ್ನು ತಿರಸ್ಕರಿಸಿದರೆ, ಆ ಆಜ್ಞೆಯನ್ನು ಲಿಖಿತವಾಗಿ ಪಡೆದು, 30 ದಿನಗಳೊಳಗೆ ಅಸಿಸ್ಟೆಂಟ್ ಕಮಿಷನರರಲ್ಲಿ ಅಪೀಲು ಮಾಡಬಹುದು. ಸುಮ್ಮನೆ ತಡಮಾಡಿದರೆ, 2011ರ ‘ಸಕಾಲ’ ಕಾಯಿದೆಯಂತೆ ಮೇಲ್ಮನವಿ ಸಲ್ಲಿಸಬಹುದು. ವಿಳಂಬದ ಪ್ರತಿ ದಿನಕ್ಕೆ 20 ರೂಪಾಯಿಯಂತೆ, 500 ರೂಪಾಯಿ ಮೀರದಷ್ಟು ಪರಿಹಾರವನ್ನೂ ಆ ಕಾಯಿದೆ ವಿಧಿಸಿದೆ.

ಇಷ್ಟಕ್ಕೂ ಕಚೇರಿ ಕಣ್ಣು ತೆರೆಯದಿದ್ದರೆ ಉಚ್ಚ ನ್ಯಾಯಾಲಯವಿದೆ. ಸಂವಿಧಾನದ 226ನೆಯ ಅನುಚ್ಛೇದದಂತೆ ರಿಟ್ ಅರ್ಜಿ ಹಾಕಿ, ಅಧಿಕಾರಿಯು ತನ್ನ ಕರ್ತವ್ಯವನ್ನು ಮಾಡುವಂತೆ ಆಜ್ಞಾಪಿಸಬೇಕೆಂದು ಪ್ರಾರ್ಥಿಸಬಹುದು. ಇದಕ್ಕೆ ಮ್ಯಾಂಡಮಸ್ ಎಂದು ಹೆಸರು. ಸಾಮಾನ್ಯವಾಗಿ ನ್ಯಾಯಾಲಯವು ತಾನೇ ಜಾತಿಯನ್ನು ನಿರ್ಣಯಿಸುವುದಿಲ್ಲ; ಇಂತಿಷ್ಟು ವಾರಗಳಲ್ಲಿ ಅರ್ಜಿಯನ್ನು ತೀರ್ಮಾನಿಸಿರೆಂದು ಅಧಿಕಾರಿಗೆ ಗಡುವು ಕೊಡುತ್ತದೆ. ಕರ್ನಾಟಕದ ಉಚ್ಚ ನ್ಯಾಯಾಲಯಕ್ಕೆ ಬೆಂಗಳೂರಲ್ಲದೆ ಧಾರವಾಡ, ಕಲಬುರಗಿಗಳಲ್ಲಿಯೂ ಪೀಠಗಳಿವೆ.

ಪ್ರವೇಶದ ಕೊನೆಯ ದಿನ ಎದುರಿಗೆ ಬಂದಾಗ ಏನು ಗತಿ? ಕುಮಾರಿ ಮಾಧುರಿ ಪಾಟೀಲ್ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯವು 1994ರ ಸೆಪ್ಟೆಂಬರ್ 2ರಂದು ಇದಕ್ಕೆ ದಾರಿ ತೋರಿಸಿದೆ. ಜಾತಿಯ ಪರಿಶೀಲನೆ ಮುಗಿಯುವುದು ತಡವಾದರೆ, ಮೊದಲೇ ದೊರೆತ ಪ್ರಮಾಣಪತ್ರದ ಇಲ್ಲವೆ ಪ್ರತಿಜ್ಞಾಪತ್ರದ ಆಧಾರದ ಮೇಲೆ ತಾತ್ಕಾಲಿಕ ಪ್ರವೇಶ ಕೊಡಬೇಕು. ಅದು ಪರಿಶೀಲನೆಯ ಫಲಕ್ಕೆ ಒಳಪಟ್ಟಿರುತ್ತದೆ. ನೌಕರಿಯ ವಿಷಯದಲ್ಲಿ ದಿಲ್ಲಿಯ ಉಚ್ಚ ನ್ಯಾಯಾಲಯವು 2009ರಲ್ಲಿ, ಕೊನೆಯ ದಿನಕ್ಕೆ ಮೊದಲೇ ಪ್ರಮಾಣಪತ್ರಕ್ಕೆ ಅರ್ಜಿ ಹಾಕಿದ್ದವಳಿಗೆ ಕಚೇರಿಯ ವಿಳಂಬದಿಂದ ಹಾನಿಯಾಗಬಾರದೆಂದು ತೀರ್ಪಿತ್ತಿತು. ಆದರೂ ಎಲ್ಲರಿಗೂ ಇದೇ ಫಲ ದೊರೆಯುವುದೆಂದು ನೆಚ್ಚಿ, ಅರ್ಜಿ ಹಾಕುವುದಕ್ಕೇ ತಡಮಾಡುವುದು ಸರ್ವಥಾ ಸಲ್ಲದು.

“ಹಾಯ್‌ಕೋರ್ಟಿನ ಖರ್ಚು ನಮ್ಮಂಥವರಿಗೆ ಎಟಕುವುದೇ?” ಎಂದು ಕೇಳುವವರಿದ್ದಾರೆ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯಿದೆಯಂತೆ ಪರಿಶಿಷ್ಟ ಜಾತಿ, ಪಂಗಡಗಳವರಿಗೂ ಸ್ತ್ರೀಯರಿಗೂ ಮಕ್ಕಳಿಗೂ, ಆದಾಯವೆಷ್ಟೇ ಇರಲಿ, ಉಚಿತವಾಗಿ ವಕೀಲರ ನೆರವು ದೊರೆಯುತ್ತದೆ. ಉಚ್ಚ ನ್ಯಾಯಾಲಯದಲ್ಲಿಯೇ ಇದಕ್ಕಾಗಿ ಸಮಿತಿಯಿದೆ.

ಆದರೆ ಯಾವ ನ್ಯಾಯಾಲಯಕ್ಕೂ ಬಾಯಿಮಾತು ಸಾಲದು. ಅರ್ಜಿಯ ನಕಲು, ರಸೀದಿ, ನೆನಪೋಲೆಯ ನಕಲು, ತಂದೆಯ ಶಾಲಾ ದಾಖಲೆ ಇವಿಷ್ಟನ್ನು ಜೋಪಾನವಾಗಿಡಬೇಕು. ಗಲ್ಲಾದಲ್ಲಿ ಎರಡು ರೂಪಾಯಿಗೂ ಚೀಟಿ ಕೇಳುವ ನಾವು, ಸರಕಾರಿ ಕಚೇರಿಯಲ್ಲಿ ಮಕ್ಕಳ ಭವಿಷ್ಯವನ್ನೇ ಕೊಟ್ಟು ಬರಿಗೈಯಲ್ಲಿ ಹಿಂತಿರುಗುವುದುಂಟೆ?

ಆ ಬಂಧುವಿನ ಮಗಳು ಈ ವರ್ಷ ಮತ್ತೆ ಅರ್ಜಿ ಹಾಕಿದ್ದಾಳೆ. ರಸೀದಿ ಈ ಸಲ ತಂದೆಯ ಪೆಟ್ಟಿಗೆಯಲ್ಲಿ ಭದ್ರವಾಗಿದೆ.