ಸ್ವಾಮಿಯ ಅಪ್ಪ

ಆಗುಂಬೆಯಲ್ಲಿ ಬೆಳಗಿನಿಂದ ಮಳೆ ಹನಿ ಕಡಿದಿಲ್ಲ. ದೊಡ್ಡಮನೆಯ ಜಗಲಿಯಲ್ಲಿ ಕೂತಿದ್ದೇನೆ, ಕೈಯಲ್ಲಿ ಬಿಸಿ ಕಷಾಯದ ಲೋಟ. ಎದುರಿನ ಅಂಗಳ ಕಾಣಿಸದಷ್ಟು ದಪ್ಪಗೆ ಸೂರಿನ ನೀರು ಇಳಿಯುತ್ತಿದೆ. ಪಕ್ಕದಲ್ಲೇ ಮರದ ಕಂಬ. ಎಷ್ಟು ತಲೆಮಾರಿನ ಕೈ ಸವರಿ ಹೀಗೆ ನುಣುಪಾಯಿತೋ. ಇಲ್ಲಿಗೆ ಬಂದವರೆಲ್ಲ ಸ್ವಾಮಿ ಎಲ್ಲಿ ಕೂತಿದ್ದ ಅಂತ ಕೇಳುತ್ತಾರೆ. ನನ್ನ ಕಣ್ಣು ಅವನ ಅಪ್ಪನನ್ನು ಹುಡುಕುತ್ತದೆ.

ಶಂಕರ್ ನಾಗ್ ಇಲ್ಲಿ ‘ಮಾಲ್ಗುಡಿ ಡೇಸ್’ ಧಾರಾವಾಹಿ ತೆಗೆದಾಗ ಆ ಅಪ್ಪ ಗಿರೀಶ ಕಾರ್ನಾಡರು. ಹುಲಿಯೊಡನೆ ಕಾದಾಡಿದ ಹುಡುಗನ ಸುದ್ದಿಯನ್ನು ಪೇಪರಿನಲ್ಲಿ ಓದಿದ್ದೇ ತಡ, ಇವತ್ತು ಆಫೀಸು ಕೋಣೆಯಲ್ಲಿ ಒಬ್ಬನೇ ಮಲಗು ನೋಡೋಣ ಎಂದು ಮಗನಿಗೆ ತಾಕೀತು ಮಾಡುವ ವಕೀಲರು. ಸ್ವಾಮಿಯಾದ ಮಾಸ್ಟರ್ ಮಂಜುನಾಥನಿಗೋ ಅಜ್ಜಿಯ ಮಗ್ಗುಲು ಬಿಟ್ಟು ಏಳಲು ಜೀವವಿಲ್ಲ. ಎದುರಾಡುವ ಹಾಗೂ ಇಲ್ಲ. ಆಗಿನ ಅಪ್ಪಂದಿರು ಇದ್ದದ್ದೇ ಹಾಗೆ.

ಮಗನ ಧೈರ್ಯ ಕೇಳುವ ಈ ಅಪ್ಪನ ಹಿಂದೆ ನನಗೆ ಇನ್ನೊಬ್ಬ ಅಪ್ಪ ಕಾಣುತ್ತಾನೆ. ಮುಪ್ಪು ಒಲ್ಲೆನೆಂದು ಮಗನ ಯೌವನವನ್ನೇ ಕೇಳಿದ ಯಯಾತಿ. ಕಾರ್ನಾಡರೇ ಬರೆದ ‘ಯಯಾತಿ’ ನಾಟಕ 1961ರಲ್ಲಿ ಅಚ್ಚಾದಾಗ ಅವರಿಗೆ ಇಪ್ಪತ್ಮೂರರ ಆಸುಪಾಸು. ಮುಪ್ಪಿನ ಬಗ್ಗೆ ಆ ವಯಸ್ಸಿಗೆ ಅಷ್ಟು ಹೇಗೆ ಗೊತ್ತಿತ್ತೋ! ಕಷಾಯ ಆರಿಹೋಗಿದೆ.

ನಟನಾಗಿ ಅವರು ಹೊರಟದ್ದೂ ಇದೇ ಮಲೆನಾಡಿನಿಂದ. ಶೃಂಗೇರಿ ಹತ್ತಿರದ ವೈಕುಂಠಪುರದಲ್ಲಿ ಪಟ್ಟಾಭಿರಾಮ ರೆಡ್ಡಿಯವರ ‘ಸಂಸ್ಕಾರ’. ಕತೆ ಅನಂತಮೂರ್ತಿಯವರದು, ಚಿತ್ರಕತೆ ಕಾರ್ನಾಡರದು. ಪ್ರಾಣೇಶಾಚಾರ್ಯರೂ ಅವರೇ, ನಾರಣಪ್ಪ ಪಿ. ಲಂಕೇಶ್. ಒಬ್ಬ ಲೇಖಕ ಹೆಣವಾಗಿ ಮಲಗಿದ್ದಾನೆ, ಅದಕ್ಕೆ ಬೆಂಕಿಯಿಡುವವರು ಯಾರೆಂದು ಇನ್ನೊಬ್ಬ ಲೇಖಕ ಧರ್ಮಗ್ರಂಥ ತಿರುವಿ ತಿರುವಿ ಸೋಲುತ್ತಿದ್ದಾನೆ. ಕಪ್ಪು-ಬಿಳುಪಿನಲ್ಲಿ ಆ ಮುಖದ ಮೇಲೆ ಹರಡುವ ದಿಗಿಲು ಇವತ್ತಿಗೂ ಹಳತಾಗಿಲ್ಲ. ಸೆನ್ಸಾರಿನವರು ಮೊದಲು ತಡೆದರು. ಆಮೇಲೆ ಅದೇ ಚಿತ್ರಕ್ಕೆ 1970ರ ದೇಶದ ಅತ್ಯುತ್ತಮ ಚಿತ್ರವೆಂಬ ರಾಷ್ಟ್ರಪ್ರಶಸ್ತಿ.

ಮುಂದಿನದು ಗೊತ್ತಿದ್ದದ್ದೇ. ‘ಮಂಥನ್’ನ ಡಾಕ್ಟರ್ ರಾವ್, ದೂರದರ್ಶನದಲ್ಲಿ ವಿಜ್ಞಾನ ಹೇಳಿದ ‘ಟರ್ನಿಂಗ್ ಪಾಯಿಂಟ್’, ನಡುನಡುವೆ ಹಿಂದಿ, ಕನ್ನಡ ಅನ್ನದೆ ಬಂದು ಹೋಗುವ ಪಾತ್ರಗಳು. ‘ತಲೆದಂಡ’ದಂಥ ನಾಟಕ ಬರೆದವರು ಇದರಲ್ಲೇಕೆ ಇದ್ದಾರೆ ಅಂತ ಗೊಣಗಿದವರಲ್ಲಿ ನಾನೂ ಒಬ್ಬ.

2017ರ ‘ಟೈಗರ್ ಜಿಂದಾ ಹೈ’ಗೂ ಹಾಗೆ ಗೊಣಗುತ್ತಲೇ ಹೋಗಿದ್ದೆ. ಸಲ್ಮಾನ್ ಖಾನ್ ಗುಂಡಿನ ಅಬ್ಬರದ ನಡುವೆ ಗುಪ್ತಚರ ಸಂಸ್ಥೆಯ ಮುಖ್ಯಸ್ಥ ಶೆಣೈ ಆಗಿ ಕಾರ್ನಾಡರು ಬಂದರು. ಮೂಗಿಗೆ ಉಸಿರಾಟದ ಸಣ್ಣ ನಳಿಕೆ. ಅದು ಪಾತ್ರದ್ದಲ್ಲ, ಅವರದೇ. ಮರೆಮಾಚುವ ಗೋಜಿಗೆ ಯಾರೂ ಹೋಗಿರಲಿಲ್ಲ. ಯಯಾತಿ ಒಲ್ಲೆನೆಂದ ಮುಪ್ಪು ತೆರೆಯ ತುಂಬ ಆರಾಮಾಗಿ ನಿಂತು ಮಾತಾಡುತ್ತಿತ್ತು.

2019ರ ಜೂನ್ 10ರಂದು ಬೆಂಗಳೂರಿನ ಕಲ್ಪಳ್ಳಿಯಲ್ಲಿ ಅವರ ದಹನವಾಯಿತು. ಮಂತ್ರವಿಲ್ಲ, ಮೆರವಣಿಗೆಯಿಲ್ಲ, ಸರಕಾರಿ ಗೌರವವೂ ಇಲ್ಲ. ಹಾಗೇ ಆಗಬೇಕೆಂದು ಅವರೇ ಹೇಳಿದ್ದರು.