ಕೂಲಿಯವರ ಬಿಡಾರ ಹೇಗಿರಬೇಕು?

ದನದ ಕೊಟ್ಟಿಗೆ ಕಟ್ಟುವಾಗ ನೆಲ, ಗಾಳಿ, ಗಂಜಲ ಹರಿಯುವ ದಾರಿ ಎಲ್ಲವನ್ನೂ ನೋಡುತ್ತೇವೆ. ಕೂಲಿಯವರ ಬಿಡಾರಕ್ಕೆ ಮಾತ್ರ ನಾಲ್ಕು ಗಳ, ಒಂದು ಪ್ಲಾಸ್ಟಿಕ್ ಹೊದಿಕೆ ಸಾಕೆನ್ನುತ್ತೇವೆ. ಹೊಳಲೂರು ಸುತ್ತಿನ ಅಡಿಕೆ ತೋಟಗಳಿಗೆ ಕೊಯ್ಲಿನ ಕಾಲದಲ್ಲಿ ಬರುವ ಹೊರಗಿನ ಆಳುಗಳು ಊರಿಂದ ದೂರ, ತೋಟದ ಮಗ್ಗುಲಲ್ಲೇ ಮಲಗುತ್ತಾರೆ. ರಾತ್ರಿ ಆಪತ್ತು ಬಂದರೆ ಕೂಗಿದರೂ ಕೇಳುವವರಿಲ್ಲ. ತೋಟದವರು ಖೇಣಿದಾರರ ಕಡೆ, ಖೇಣಿದಾರರು ತೋಟದವರ ಕಡೆ ಕೈ ತೋರಿಸುತ್ತಾರೆ.

ಕಾಫಿ, ಟೀ, ರಬ್ಬರ್ ತೋಟದ ಕಾರ್ಮಿಕರಿಗೆ ಮಾಲೀಕರೇ ಮನೆ ಒದಗಿಸಬೇಕೆಂಬ ಕಾನೂನು 1951ರಲ್ಲೇ ಬಂತು. ಅದರಲ್ಲಿ ಅಡಿಕೆಯ ಹೆಸರಿರಲಿಲ್ಲ. ಆದರೆ ಆಳಿನ ಜೀವಕ್ಕೆ ಬೆಳೆಯ ಭೇದವಿಲ್ಲ.

ಜಾಗ ಮತ್ತು ಕಟ್ಟಡ

ಕೂಡಲಿಯಲ್ಲಿ ತುಂಗೆ-ಭದ್ರೆ ಸೇರುವ ಸೀಮೆ ನಮ್ಮದು. 2019ರ ಆಗಸ್ಟಿನಲ್ಲಿ ತುಂಗೆ ಉಕ್ಕಿ ಶಿವಮೊಗ್ಗದ ತಗ್ಗಿನ ಬಡಾವಣೆಗಳಿಗೇ ನೀರು ನುಗ್ಗಿತ್ತು. ಹೊಳೆದಂಡೆಯಲ್ಲಾಗಲಿ, ನಾಲೆ ಏರಿಯ ಕೆಳಗಾಗಲಿ ಬಿಡಾರ ಬೇಡ. ಎತ್ತರದ ಜಾಗದಲ್ಲಿ ಒಂದೂವರೆ ಅಡಿ ಕಟ್ಟೆಯ ಮೇಲೆ ಕಟ್ಟಿಸಿ. ಎದುರುಬದುರು ಕಿಟಕಿ, ಒಳಗಿನಿಂದ ಭದ್ರವಾಗಿ ಹಾಕುವ ಅಗುಳಿ ಇರಲಿ. ಹೆಣ್ಣಾಳುಗಳು ಕತ್ತಲಲ್ಲಿ ದೂರ ಹೋಗದಂತೆ ಹತ್ತಿರದಲ್ಲೇ ಕಕ್ಕಸು, ಬಚ್ಚಲು ಬೇಕು. ಕಕ್ಕಸಿನ ಗುಂಡಿ ಬಾವಿಗಿಂತ ತಗ್ಗಿನಲ್ಲಿ, 50 ಅಡಿಯಾದರೂ ದೂರವಿರಬೇಕು.

ಹಾವಿನ ಭಯ

ಕಪ್ಪು ಮೈಯ, ಬಿಳಿ ಪಟ್ಟೆಯ ಕಟ್ಟುಹಾವು ರಾತ್ರಿ ಸಂಚರಿಸುತ್ತದೆ. ನೆಲದ ಮೇಲೆ ಮಲಗಿದವರನ್ನು ಕಚ್ಚುತ್ತದೆ. ನೋವು, ಊತ ಕಡಿಮೆಯಾದ್ದರಿಂದ ಎಷ್ಟೋ ಸಲ ಕಚ್ಚಿದ್ದೇ ತಿಳಿಯುವುದಿಲ್ಲ. ಮಂಚ, ಹಾಸಿಗೆಯಡಿಗೆ ಅಂಚು ಸಿಕ್ಕಿಸಿದ ಸೊಳ್ಳೆಪರದೆ ಇವೆರಡೇ ದೊಡ್ಡ ರಕ್ಷಣೆ. ಇಲಿ ಇದ್ದಲ್ಲಿಗೆ ಹಾವು ಬರುತ್ತದೆ. ಭತ್ತದ ಚೀಲ ಬಿಡಾರದಲ್ಲಿಡಬೇಡಿ. ಎದ್ದಾಗ ಯಾರಿಗಾದರೂ ಕಾರಣವಿಲ್ಲದೆ ಹೊಟ್ಟೆನೋವು ಬಂದರೆ, ಕಣ್ಣುರೆಪ್ಪೆ ಜೋತುಬಿದ್ದರೆ ತಡಮಾಡದೆ 108ಕ್ಕೆ ಕರೆ ಮಾಡಿ, ಶಿವಮೊಗ್ಗದ ಮೆಗ್ಗಾನ್ ಆಸ್ಪತ್ರೆಗೆ ಸೇರಿಸಿ. ಬಿಗಿಯಾಗಿ ಕಟ್ಟುವುದು, ಗಾಯ ಕುಯ್ಯುವುದು ಬೇಡ.

ವಿಷ ಮತ್ತು ಬೆಂಕಿ

ಕೀಟನಾಶಕ, ಮೈಲುತುತ್ತ, ಸಿಂಪರಣೆ ಯಂತ್ರ, ಖಾಲಿ ಡಬ್ಬ ಯಾವುದೂ ಮಲಗುವ ಕೋಣೆಯಲ್ಲಿರಕೂಡದು. ಬೇರೆಡೆ ಬೀಗ ಹಾಕಿಡಿ. ಅಡಿಕೆ ಬೇಯಿಸುವ ಒಲೆ, ಸೌದೆ ರಾಶಿ ಬಿಡಾರದಿಂದ ದೂರವಿರಲಿ. ಚಳಿಗೆಂದು ಕೆಂಡವನ್ನು ಒಳಗಿಟ್ಟು ಬಾಗಿಲು ಮುಚ್ಚಿ ಮಲಗಲು ಬಿಡಬೇಡಿ. ಕೆಂಡದ ವಿಷಗಾಳಿಗೆ ವಾಸನೆಯಿಲ್ಲ; ನಿದ್ದೆಯಲ್ಲೇ ಪ್ರಾಣ ತೆಗೆಯುತ್ತದೆ.

ಖೇಣಿ ಮಾತಾಡುವ ದಿನವೇ ಬಿಡಾರ ಯಾರ ಹೊಣೆ ಎಂಬುದನ್ನು ತೀರ್ಮಾನಿಸಿ, ಕಾಗದದಲ್ಲಿ ಬರೆಯಿರಿ. ಆಳು ಬರುವ ವಾರ ಮೊದಲೇ ಒಮ್ಮೆ ಒಳಹೊಕ್ಕು ನೋಡಿ. ನಮ್ಮ ಮನೆಯವರು ಅಲ್ಲಿ ಒಂದು ರಾತ್ರಿ ಮಲಗಬಹುದೆನಿಸಿದರೆ ಬಿಡಾರ ಸರಿಯಾಗಿದೆ ಎಂದರ್ಥ.